ಬಜೆಟ್‌ನಲ್ಲಿ ಹೆಸರು ಬಂತು, ಹಣ ಯಾವಾಗ ಬರುತ್ತದೆ?

ಬದಲಾಪುರ ಸ್ಲೋ ಲೋಕಲ್:
ಎಲ್ಲರಿಗೂ ನಮಸ್ಕಾರ. ನಮ್ಮ ಕಡೆ, ಮುಂಬಯಿ ಹತ್ತಿರದ ಬದಲಾಪುರದಲ್ಲಿ, ಊರ ಹೊರಗೆ ಒಂದು ಹಳೇ ಸೇತುವೆ ಇದೆ. ಕಂಬಿ ಕಿತ್ತುಹೋಗಿದೆ, ಮಳೆಗಾಲದಲ್ಲಿ ರಿಕ್ಷಾದವರು ಆ ಕಡೆ ಬರುವುದೇ ಇಲ್ಲ. ಹೋದ ರಾಜ್ಯ ಬಜೆಟ್ ಆದ ಮಾರನೇ ದಿನವೇ ನಾಕಾದಲ್ಲಿ ದೊಡ್ಡ ಬ್ಯಾನರ್ ಬಿತ್ತು. ಐದು ಜನರ ಫೋಟೋ, ಕೈಮುಗಿದ ಭಂಗಿ, ಕೆಳಗೆ "ಅರ್ಥಸಂಕಲ್ಪದಲ್ಲಿ (ಬಜೆಟ್‌ನಲ್ಲಿ) ಹೊಸ ಸೇತುವೆಗೆ ಮಂಜೂರಿ, ಅಭಿನಂದನೆಗಳು". ಮಳೆ ಬಂತು, ಹೋಯಿತು. ಬ್ಯಾನರ್ ಹರಿದು ಈಗ ಭಾಜಿಯವನ ಗಾಡಿಗೆ ಮಾಡಾಗಿದೆ. ಸೇತುವೆ ಹಾಗೇ ಇದೆ. ಆಫೀಸಿಗೆ ಹೋಗಿ ಕೇಳಿದರೆ "ಮಂಜೂರಿ ಇದೆ, ನಿಧಿ ಇಲ್ಲ" ಅಂತ ಒಂದೇ ಮಾತು. ಬಜೆಟ್‌ನಲ್ಲಿ ಮಂಜೂರಾದ ಮೇಲೂ ನಿಧಿ ಇಲ್ಲ ಅಂದರೆ ಏನರ್ಥ? ತಿಳಿದವರು ಹೇಳಿ.

ಮಾಟುಂಗದ ಹಳೇ ಗಿರಾಕಿ:
ಅರ್ಥ ಇಷ್ಟೇ ಮಾರಾಯ್ರೇ, ಚುನಾವಣೆ ಇನ್ನೂ ದೂರ ಇದೆ.

ಲೆಕ್ಕದ ರಾಯರು, ಮುಲುಂಡ್:
ಗಿರಾಕಿಯವರೇ, ತಮಾಷೆ ಆಮೇಲೆ. ಅವರು ಕೇಳಿದ ಪ್ರಶ್ನೆ ಸರಿಯಾಗಿದೆ. ನಾನು ನಿವೃತ್ತಿ ಆಗುವ ತನಕ ಲೆಕ್ಕಪತ್ರದ ಕೆಲಸದಲ್ಲೇ ಇದ್ದವನು, ಗೊತ್ತಿದ್ದಷ್ಟು ಹೇಳುತ್ತೇನೆ.

ಮೊದಲು ಬ್ಯಾನರಿನ ವಿಷಯ. ನಮ್ಮ ಶಾಸಕರು ಸದನದಲ್ಲಿ ಎದ್ದುನಿಂತು ಬಜೆಟ್‌ಗೆ ಒಂದು ರೂಪಾಯಿ ಸಹ ಸೇರಿಸುವ ಹಾಗಿಲ್ಲ. ಸಂವಿಧಾನದ 203ನೇ ವಿಧಿ ನೋಡಿ. ಇಲಾಖೆಗಳ ಖರ್ಚಿಗೆ ಸರ್ಕಾರ ಇಷ್ಟು ಹಣ ಬೇಕು ಅಂತ ಇಟ್ಟ ಬೇಡಿಕೆಗೆ ವಿಧಾನಸಭೆ ಒಪ್ಪಬಹುದು, ಬೇಡ ಅನ್ನಬಹುದು, ಕಡಿಮೆ ಮಾಡಬಹುದು. ಜಾಸ್ತಿ ಮಾಡುವಂತಿಲ್ಲ. ರಾಜ್ಯಪಾಲರ ಶಿಫಾರಸು ಇಲ್ಲದೆ ಯಾವ ಬೇಡಿಕೆಯೂ ಸದನಕ್ಕೆ ಬರುವುದಿಲ್ಲ. ಹೆಸರಿಗೆ ರಾಜ್ಯಪಾಲರು, ನಿಜಕ್ಕೆ ಮಂತ್ರಿಮಂಡಲ. ಹಾಗಾಗಿ ಶಾಸಕರು "ಸೇತುವೆ ನಾನೇ ತಂದದ್ದು" ಅಂದರೆ, ಬಜೆಟ್ ಅಚ್ಚಾಗುವ ಮೊದಲು ಮಂತ್ರಿಗಳ ಬಾಗಿಲಿಗೆ ಅಲೆದು ಹೆಸರು ಸೇರಿಸಿಸಿದೆ ಅಂತ. ಅದೂ ಕೆಲಸವೇ, ಇಲ್ಲ ಅನ್ನಲ್ಲ.

ಈಗ ಪುಸ್ತಕ. ಹಣಕಾಸು ಮಂತ್ರಿ ಓದುವ ಭಾಷಣ ಬಿಟ್ಟುಬಿಡಿ, ಅದು ಟಿವಿಯವರಿಗೆ. ಅದರ ಜೊತೆ ಇಲಾಖೆವಾರು ಬೇಡಿಕೆಗಳ ದಪ್ಪ ದಪ್ಪ ಪುಸ್ತಕ ಬರುತ್ತವೆ. ಮಹಾರಾಷ್ಟ್ರದಲ್ಲಿ ಇಲಾಖೆಗೊಂದು ಅಕ್ಷರ, ನಗರ ವಿಕಾಸಕ್ಕೆ ಎಫ್, ಸಾರ್ವಜನಿಕ ಬಾಂಧಕಾಮಕ್ಕೆ (ಲೋಕೋಪಯೋಗಿ ಇಲಾಖೆಗೆ) ಎಚ್. ಅದರೊಳಗೆ ಲೆಕ್ಕಶೀರ್ಷಿಕೆ, ಅಂದರೆ ಖರ್ಚಿನ ಬಗೆಗೊಂದು ನಂಬರು. ರಸ್ತೆ, ಸೇತುವೆ ಹೊಸದಾಗಿ ಕಟ್ಟುವ ಬಂಡವಾಳ ಖರ್ಚು 5054ರಲ್ಲಿ, ಇದ್ದದ್ದನ್ನು ದುರಸ್ತಿ ಮಾಡುವ ಖರ್ಚು 3054ರಲ್ಲಿ. ಈ ನಂಬರು ದೇಶಕ್ಕೆಲ್ಲಾ ಒಂದೇ, ಬೆಂಗಳೂರಿನಲ್ಲೂ ಇದೇ. ಪ್ರತಿ ಸಾಲಿನ ಮುಂದೆ ಕಾಲಂಗಳಿರುತ್ತವೆ. ಹಿಂದೆ ನಿಜಕ್ಕೂ ಖರ್ಚಾದದ್ದು, ಈ ವರ್ಷ ಅಂದಾಜು ಮಾಡಿದ್ದು, ಅದನ್ನೇ ನಡುವೆ ತಿದ್ದಿದ್ದು, ಕೊನೆಗೆ ಮುಂದಿನ ವರ್ಷದ್ದು. ಜನ ಕೊನೆಯ ಕಾಲಂ ನೋಡಿ ಚಪ್ಪಾಳೆ ಹೊಡೆಯುತ್ತಾರೆ. ನೀವು ಮೊದಲನೆಯದನ್ನೂ ತಿದ್ದಿದ್ದನ್ನೂ ಓದಿ, ಅಲ್ಲಿ ನಿಜಸ್ಥಿತಿ ಗೊತ್ತಾಗುತ್ತದೆ.

ಒಂದೊಂದು ಕೆಲಸದ ಹೆಸರು ಬೇಕಾದರೆ ಬಾಂಧಕಾಮದವರು "ವ್ಹೈಟ್ ಬುಕ್" ಅನ್ನುವ ಪಟ್ಟಿ ಇದೆ, ಅದರಲ್ಲಿ ಹುಡುಕಿ. ಒಂದು ಎಚ್ಚರ, ಅಂಕಿ ಸಾವಿರ ರೂಪಾಯಿ ಲೆಕ್ಕದಲ್ಲಿ ಇರುತ್ತದೆ.

ಬದಲಾಪುರ ಸ್ಲೋ ಲೋಕಲ್:
ರಾಯರೇ, ತುಂಬಾ ಉಪಕಾರ. ನಮ್ಮ ಸೇತುವೆ ಸಿಕ್ಕಿತು. ಅಂದಾಜು ವೆಚ್ಚ ಕೋಟಿಗಟ್ಟಲೆ ತೋರಿಸಿದ್ದಾರೆ. ಈ ವರ್ಷದ ತರತೂದ್ (ತೆಗೆದಿಟ್ಟ ಹಣ) ಕಾಲಂನಲ್ಲಿ ಬರೀ "1" ಅಂತ ಇದೆ. ಅಂದರೆ ಒಂದು ಕೋಟಿಯಾ?

ಲೆಕ್ಕದ ರಾಯರು, ಮುಲುಂಡ್:
ಸಾವಿರ ರೂಪಾಯಿ.

ಮಾಟುಂಗದ ಹಳೇ ಗಿರಾಕಿ:
ಆ ಬ್ಯಾನರಿಗೇ ಅದಕ್ಕಿಂತ ಜಾಸ್ತಿ ಆಗಿರುತ್ತದೆ!

ಲೆಕ್ಕದ ರಾಯರು, ಮುಲುಂಡ್:
ನಗಬೇಡಿ, ಅದಕ್ಕೆ ಟೋಕನ್ ತರತೂದ್ ಅನ್ನುತ್ತಾರೆ. ಕೆಲಸದ ಹೆಸರು ಪಟ್ಟಿಯಲ್ಲಿ ಜೀವಂತ ಇರಲಿ, ಹಣ ಉಳಿದರೆ ನಡುವೆ ಹಾಕೋಣ ಅನ್ನುವ ಲೆಕ್ಕ. ಹೆಸರು ಇದ್ದರೆ ಟೆಂಡರಿನ ಕಾಗದಪತ್ರ ಮುಂದೆ ತಳ್ಳಬಹುದು. ರೈಲ್ವೆಯವರ ಕೆಲಸಗಳ ಪಟ್ಟಿ ಪಿಂಕ್ ಬುಕ್‌ನಲ್ಲಿಯೂ ಇದೇ ಕತೆ, ಎಷ್ಟೋ ಹೊಸ ಮಾರ್ಗಗಳ ಮುಂದೆ ವರ್ಷಗಟ್ಟಲೆ ಸಾವಿರ ರೂಪಾಯಿ ಕೂತಿರುತ್ತದೆ.

ಕಲಂಬೋಲಿ ಕಂತ್ರಾಟುದಾರ:
ನನ್ನ ಕಡೆಯಿಂದಲೂ ಒಂದು ಮಾತು. ನಾನು ಸಣ್ಣ ಕಂತ್ರಾಟುದಾರ. ಮೋರಿ, ಕಾಂಪೌಂಡು, ಒಳರಸ್ತೆ ಮಾಡುವವನು. ಪುಸ್ತಕದಲ್ಲಿ ಸಾವಿರದ ಬದಲು ಕೋಟಿ ಇದ್ದರೂ ಹಣ ಬಂತು ಅಂತ ತಿಳಿಯಬೇಡಿ. ಮೊದಲು ಆಡಳಿತಾತ್ಮಕ ಮಂಜೂರಿ, ಆಮೇಲೆ ತಾಂತ್ರಿಕ ಮಂಜೂರಿ, ಆಮೇಲೆ ಟೆಂಡರು, ಆಮೇಲೆ ವರ್ಕ್ ಆರ್ಡರು. ಇಷ್ಟಾದ ಮೇಲೆ ನಾನು ನನ್ನ ದುಡ್ಡಿನಲ್ಲಿ, ಸಾಲದ ದುಡ್ಡಿನಲ್ಲಿ ಖಡಿ (ಜಲ್ಲಿ), ಸಿಮೆಂಟು ತಂದು ಕೆಲಸ ಮುಗಿಸುತ್ತೇನೆ. ಇಂಜಿನಿಯರ್ ಬಂದು ಅಳತೆ ಪುಸ್ತಕದಲ್ಲಿ ಬರೆಯುತ್ತಾನೆ. ಬಿಲ್ ಹೋಗುತ್ತದೆ. ಅಲ್ಲಿಂದ ಮುಂದೆ ಕಂಪ್ಯೂಟರ್ ಮುಂದೆ ಕಾಯುವುದು. ರಾಜ್ಯದಲ್ಲಿ ಬೀಮ್ಸ್ ಅಂತ ವ್ಯವಸ್ಥೆ ಇದೆ. ಹಣಕಾಸು ಇಲಾಖೆ ಅದರಲ್ಲಿ ಎಷ್ಟು ಬಿಡುತ್ತದೋ ಅಷ್ಟೇ ಕೆಳಗಿನವರು ಖರ್ಚು ಮಾಡಬೇಕು. ತರತೂದ್ ನೂರು ಇದ್ದು ಮೇಲಿಂದ ಬಿಟ್ಟದ್ದು ಮೂವತ್ತು ಅಂದರೆ, ಆ ಮೂವತ್ತರಲ್ಲಿ ಎಲ್ಲರಿಗೂ ಹಂಚಬೇಕು. ನನ್ನ ಬಿಲ್ಲಿಗೆ ಅದರಲ್ಲಿ ಚೂರು ಬರುತ್ತದೆ.

ಮಾರ್ಚ್ 31ಕ್ಕೆ ಯಾವುದಾದರೂ ಆಫೀಸಿಗೆ ಬಂದು ನೋಡಿ. ರಾತ್ರಿ ಹನ್ನೊಂದಕ್ಕೂ ಲೈಟು ಉರಿಯುತ್ತಿರುತ್ತದೆ, ಕಂತ್ರಾಟುದಾರರು ಮೆಟ್ಟಿಲ ಮೇಲೆ ಕೂತು ವಡಾಪಾವ್ ತಿನ್ನುತ್ತಿರುತ್ತಾರೆ. ಒಳಗೆ ಒಬ್ಬ ಗುಮಾಸ್ತ ಪರದೆ ನೋಡುತ್ತಾ "ಬಂತು ಬಂತು" ಅಂದರೆ ಎಲ್ಲರೂ ಏಳುತ್ತಾರೆ. ಹನ್ನೆರಡು ಹೊಡೆದರೆ ಬಿಡದೇ ಉಳಿದದ್ದು ಹೋಯಿತು, ಮುಂದಿನ ವರ್ಷದ ಸಾಲಿನಲ್ಲಿ ನಿಲ್ಲಬೇಕು. ನನ್ನದು ಯಾವ ಆಫೀಸು ಅಂತ ಹೇಳಲ್ಲ, ಅಲ್ಲಿಗೇ ಮತ್ತೆ ಹೋಗಬೇಕು. 2025ರಲ್ಲಿ ಕಂತ್ರಾಟುದಾರರ ಸಂಘಟನೆಗಳು ಸರ್ಕಾರದಿಂದ ಬರಬೇಕಾದ ಬಾಕಿ ಸುಮಾರು 89,000 ಕೋಟಿ ಅಂತ ಹೇಳಿ ಧರಣಿ ಕೂತಿದ್ದು ನೆನಪಿದೆಯಾ? ಅದು ಸಂಘಟನೆಯವರ ಲೆಕ್ಕ, ಸರ್ಕಾರದ್ದಲ್ಲ. ಆದರೆ ನನ್ನಂಥವರು ಸುಮ್ನೆ ಹೋಗಿ ಕೂರುವುದಿಲ್ಲ.

ಠಾಣೆ ಟೀಚರ್:
ಅಣ್ಣಾ, ಓದಿ ಬೇಜಾರಾಯಿತು. ನಾನು ನಾಗರಿಕಶಾಸ್ತ್ರ ಕಲಿಸಿದವಳು. ಮಕ್ಕಳಿಗೆ "ಸದನದ ಒಪ್ಪಿಗೆ ಇಲ್ಲದೆ ಸರ್ಕಾರ ಒಂದು ಪೈಸೆ ಖರ್ಚು ಮಾಡುವಂತಿಲ್ಲ" ಅಂತ ಬಾಯಿಪಾಠ ಮಾಡಿಸಿದ್ದೇನೆ. ಸದನ ಒಪ್ಪಿದ ಮೇಲೆ ಖರ್ಚು ಮಾಡಲೇಬೇಕು ಅಂತ ಎಲ್ಲೂ ಇಲ್ಲವೇ? ರಾಯರು ಹೇಳಲಿ. ಇನ್ನೊಂದು, ಪೇಪರಿನಲ್ಲಿ ಪ್ರತಿ ಅಧಿವೇಶನದಲ್ಲೂ "ಪುರವಣಿ ಮಾಗಣ್ಯಾ" ಅಂತ ಸಾವಿರಾರು ಕೋಟಿ ಬರುತ್ತದಲ್ವಾ, ಅದು ಏನು? ಮಾರ್ಚ್‌ನಲ್ಲಿ ಬಜೆಟ್ ಆಗಿರುತ್ತದೆ, ಜುಲೈಯಲ್ಲಿ ಮತ್ತೆ ಯಾಕೆ ಕೇಳುವುದು?

ಲೆಕ್ಕದ ರಾಯರು, ಮುಲುಂಡ್:
ಅಕ್ಕಾ, ನೀವು ಕಲಿಸಿದ್ದು ಸರಿಯೇ. 266ನೇ ವಿಧಿ ಪ್ರಕಾರ ಕಾನೂನಿನ ಒಪ್ಪಿಗೆ ಇಲ್ಲದೆ ಸಂಚಿತ ನಿಧಿಯಿಂದ, ಅಂದರೆ ಸರ್ಕಾರದ ಮುಖ್ಯ ಖಜಾನೆಯಿಂದ, ಹಣ ತೆಗೆಯುವಂತಿಲ್ಲ. ಬೇಡಿಕೆಗಳು ಪಾಸಾದ ಮೇಲೆ ಆ ಹಣ ತೆಗೆಯಲು ಒಪ್ಪಿಗೆ ಕೊಡುವ ಧನವಿನಿಯೋಗ ವಿಧೇಯಕ ಬರುತ್ತದೆ, ಅದಾದ ಮೇಲೇ ಖಜಾನೆ ಬಾಗಿಲು ತೆರೆಯುವುದು. ವಿಧಾನ ಪರಿಷತ್ತು ಅದನ್ನು 14 ದಿನಕ್ಕಿಂತ ಜಾಸ್ತಿ ಹಿಡಿದಿಡುವಂತಿಲ್ಲ. ಆದರೆ ಆ ಒಪ್ಪಿಗೆ ಒಂದು ಮಿತಿ ಅಷ್ಟೇ. ಇಷ್ಟರವರೆಗೆ ಖರ್ಚು ಮಾಡಬಹುದು ಅಂತ. ಮಾಡಲೇಬೇಕು ಅಂತ ಇಲ್ಲ. ಉಳಿದರೆ ವಾಪಸು.

ಪುರವಣಿ ಅಂದರೆ ಬಜೆಟ್ ಆದ ಮೇಲೆ ಸದನದ ಮುಂದೆ ಕೇಳುವ ಹೆಚ್ಚುವರಿ ಹಣ, ಅದಕ್ಕೆ 205ನೇ ವಿಧಿ ಇದೆ. ಅದು ತಪ್ಪಲ್ಲ. ನೆರೆ ಬಂತು, ಹೊಸ ಯೋಜನೆ ಬಂತು, ಬೇಕಾಗುತ್ತದೆ. ಆದರೆ ಪ್ರಮಾಣ ನೋಡಿ. 2024ರಲ್ಲಿ ಲೋಕಸಭೆ ಚುನಾವಣೆ ಅಂತ ಫೆಬ್ರವರಿಯಲ್ಲಿ ಕೆಲವು ತಿಂಗಳ ಖರ್ಚಿಗೆ ಮಾತ್ರ ಲೇಖಾನುದಾನ ತೆಗೆದುಕೊಂಡರು, ಪೂರ್ತಿ ಬಜೆಟ್ ಮಂಡಿಸಿದ್ದು ಜೂನ್ 28ಕ್ಕೆ. ಜುಲೈ 9ಕ್ಕೆ, ಎರಡು ವಾರ ಸಹ ಆಗಿಲ್ಲ, 94,889 ಕೋಟಿಯ ಪುರವಣಿ ಬೇಡಿಕೆ ಬಂತು. ಅದರಲ್ಲಿ 25,000 ಕೋಟಿ ಹೆಂಗಸರಿಗೆ ತಿಂಗಳು ತಿಂಗಳು ಹಣ ಕೊಡುವ ಲಾಡ್ಕಿ ಬಹಿಣ್ ಯೋಜನೆಗೆ. ಹನ್ನೊಂದು ದಿನದ ಹಿಂದೆ ಬಜೆಟ್ ಬರೆದವರಿಗೆ ಇದು ಗೊತ್ತಿರಲಿಲ್ಲವೇ? 2025-26ರ ಬಜೆಟ್ ಸುಮಾರು 7 ಲಕ್ಷ ಕೋಟಿಯದು. ಜುಲೈ ಅಧಿವೇಶನಕ್ಕೆ 57,509 ಕೋಟಿ ಪುರವಣಿ, ಡಿಸೆಂಬರಿಗೆ ನಾಗಪುರದಲ್ಲಿ 75,286 ಕೋಟಿ. ಎರಡೂ ಕೂಡಿಸಿದರೆ ಬಜೆಟ್ಟಿನ ಐದನೇ ಒಂದು ಪಾಲಿನ ಹತ್ತಿರ. ನ್ಯಾಯವಾಗಿ ಇದನ್ನೂ ಹೇಳಬೇಕು, ಇದೆಲ್ಲ ಹೊಸ ಹಣ ಅಲ್ಲ. ಕೇಂದ್ರದಿಂದ ಬಂದದ್ದನ್ನು ಲೆಕ್ಕಕ್ಕೆ ತರುವುದು, ಈ ಶೀರ್ಷಿಕೆಯಿಂದ ಆ ಶೀರ್ಷಿಕೆಗೆ ಹಾಕುವುದು ಎಲ್ಲ ಸೇರಿರುತ್ತದೆ. ಜುಲೈದರಲ್ಲಿ ನಿವ್ವಳ ಹೊರೆ 40,645 ಕೋಟಿ ಅಂತ ಅವರೇ ಹೇಳಿದರು.

ನನ್ನ ತಕರಾರು ಬೇರೆ. ಮಾರ್ಚ್‌ನಲ್ಲಿ ಟೋಕನ್ ಇಟ್ಟು ಹೆಸರು ಬರೆಯುವುದು, ಡಿಸೆಂಬರಿನಲ್ಲಿ ಯಾವ ಹೆಸರಿಗೆ ಹಣ ಕೊಡಬೇಕು ಅಂತ ಆರಿಸುವುದು. ಆಗ ಬಜೆಟ್ ಅನ್ನುವುದು ಯೋಜನೆ ಆಗಿ ಉಳಿಯುವುದಿಲ್ಲ, ಕಾಯುವವರ ಪಟ್ಟಿ ಆಗುತ್ತದೆ. ಪಟ್ಟಿಯಲ್ಲಿ ಯಾರ ಹೆಸರು ಮೇಲೆ ಬರುತ್ತದೆ ಅನ್ನುವುದು ಸದನದಲ್ಲಿ ನಿರ್ಧಾರ ಆಗುವುದಿಲ್ಲ.

ಠಾಣೆ ಟೀಚರ್:
ಸದನದಲ್ಲಿ ಯಾರೂ ಕೇಳುವುದಿಲ್ಲವೇ? 288 ಜನ ಇದ್ದಾರೆ.

ಲೆಕ್ಕದ ರಾಯರು, ಮುಲುಂಡ್:
ಕೇಳುತ್ತಾರೆ. ಕಡಿತ ಸೂಚನೆ ಅಂತ ಇದೆ, "ಈ ಇಲಾಖೆಯ ಬೇಡಿಕೆಯಿಂದ ನೂರು ರೂಪಾಯಿ ಕಡಿಮೆ ಮಾಡಿ" ಅಂತ ಕೊಟ್ಟು ತಮ್ಮ ಊರಿನ ಕಷ್ಟ ಹೇಳುತ್ತಾರೆ. ನೂರು ರೂಪಾಯಿ ಕಡಿತ ಯಾರಿಗೂ ಬೇಡ, ಮಾತಾಡುವ ಅವಕಾಶ ಬೇಕು. ಹಳಬರು ಚೆನ್ನಾಗಿ ಬಳಸುತ್ತಿದ್ದರು. ಆದರೆ ದಿನ ಕಡಿಮೆ, ಇಲಾಖೆ ಜಾಸ್ತಿ, ಅದರ ನಡುವೆ ಗಲಾಟೆ, ಸಭಾತ್ಯಾಗ. ಕೊನೆಯ ದಿನ ಚರ್ಚೆ ಆಗದೇ ಉಳಿದ ಬೇಡಿಕೆಗಳನ್ನೆಲ್ಲ ಒಟ್ಟಿಗೆ ಮತಕ್ಕೆ ಹಾಕಿ ಪಾಸು ಮಾಡುತ್ತಾರೆ. ಸಂಸತ್ತಿನಲ್ಲೂ ಹಾಗೆಯೇ. ಅಲ್ಲಿ 1993ರಿಂದ ಇಲಾಖಾವಾರು ಸ್ಥಾಯಿ ಸಮಿತಿಗಳು ಬೇಡಿಕೆಗಳನ್ನು ಮೊದಲೇ ಕೂತು ನೋಡುತ್ತವೆ, ಅಷ್ಟಾದರೂ ಸಮಾಧಾನ. ಇನ್ನು ಸರ್ಕಾರದ ಲೆಕ್ಕ ತಪಾಸಣೆ ಮಾಡುವ ಸಿಎಜಿ ವರದಿ ಬರುತ್ತದೆ, ಇಷ್ಟು ಪುರವಣಿ ಬೇಕಿರಲಿಲ್ಲ, ಮೂಲ ಹಣವೇ ಉಳಿದಿತ್ತು ಅಂತ ಬರೆಯುತ್ತದೆ. ಅದು ಬರುವಷ್ಟರಲ್ಲಿ ಮಂತ್ರಿಯೂ ಬದಲು, ಕಾರ್ಯದರ್ಶಿಯೂ ಬದಲು.

ವಾಶಿ ಐಟಿ:
ಇಷ್ಟೆಲ್ಲ ಓದಿ ನನಗೆ ಅನಿಸಿದ್ದು, ಈ ಸದನ, ಬೇಡಿಕೆ, ಪುರವಣಿ ದಾರಿಯಲ್ಲೇ ಹೋಗಿದ್ದರೆ ಮುಂಬಯಿಯಲ್ಲಿ ಒಂದೂ ದೊಡ್ಡ ಕೆಲಸ ಆಗುತ್ತಿರಲಿಲ್ಲ. ಅಟಲ್ ಸೇತು ನೋಡಿ. 21.8 ಕಿಮೀ, 2024 ಜನವರಿ 12ಕ್ಕೆ ಉದ್ಘಾಟನೆ ಆಯಿತು. ಮುಂಬಯಿ ಪ್ರದೇಶದ ಅಭಿವೃದ್ಧಿ ಪ್ರಾಧಿಕಾರ ಎಂಎಂಆರ್‌ಡಿಎ ಮಾಡಿತು, ಜಪಾನಿನ ಸರ್ಕಾರಿ ಸಂಸ್ಥೆ ಜೈಕಾ ಸಾಲ ಕೊಟ್ಟಿತು. ಮೆಟ್ರೋ 3, ನೆಲದಡಿ 33.5 ಕಿಮೀ, 2025 ಅಕ್ಟೋಬರಿನಲ್ಲಿ ಕಫ್ ಪರೇಡ್ ತನಕ ಪೂರ್ತಿ ತೆರೆಯಿತು, ಅದಕ್ಕೂ ಜೈಕಾ. ಮುಂಬಯಿ-ನಾಗಪುರ ಸಮೃದ್ಧಿ ಹೆದ್ದಾರಿ 701 ಕಿಮೀ, ಮಾಡಿದ್ದು ರಾಜ್ಯದ ರಸ್ತೆ ನಿಗಮ ಎಂಎಸ್‌ಆರ್‌ಡಿಸಿ. ಕಂಪನಿ ತರಹ ನಡೆಸಿದರೆ ಕೆಲಸ ಆಗುತ್ತದೆ ಅಂತ ಕಣ್ಣೆದುರೇ ಇದೆ. ರಾಯರು ಬೇಜಾರು ಮಾಡಿಕೊಳ್ಳಬೇಡಿ, ನಿಮ್ಮ 5054ರಿಂದ ಸಮುದ್ರದ ಮೇಲೆ ಸೇತುವೆ ಬರುತ್ತಿತ್ತಾ?

ಡೊಂಬಿವಲಿ ಫಾಸ್ಟ್:
ಅಟಲ್ ಸೇತು ನಿನಗೆ ಬಂತು ತಮ್ಮಾ, ಕಾರು ಇದ್ದವರಿಗೆ, ಒಂದು ಸಲಕ್ಕೆ 250 ರೂಪಾಯಿ ಟೋಲ್ ಕೊಡುವವರಿಗೆ. ನಮ್ಮ ಎಂಯುಟಿಪಿ, ಅಂದರೆ ಮುಂಬಯಿ ನಗರ ಸಾರಿಗೆ ಯೋಜನೆ, ನೋಡು. ಲೋಕಲ್ ರೈಲಿನ ಹೊಸ ಹಳಿ, ಹೊಸ ಡಬ್ಬಿ ಎಲ್ಲ ಅದರಲ್ಲೇ. ಅರ್ಧ ಹಣ ರೈಲ್ವೆ, ಅರ್ಧ ರಾಜ್ಯ ಸರ್ಕಾರ. ಒಬ್ಬರು ಕೊಟ್ಟಾಗ ಇನ್ನೊಬ್ಬರು ಕೊಟ್ಟಿರುವುದಿಲ್ಲ. ಇಬ್ಬರೂ ಕೊಟ್ಟಾಗ ಜಾಗ ಸಿಕ್ಕಿರುವುದಿಲ್ಲ. ಬೆಳಿಗ್ಗೆ ಡೊಂಬಿವಲಿ ಎರಡನೇ ಪ್ಲಾಟ್‌ಫಾರಮ್ಮಿನಲ್ಲಿ ನಿಂತರೆ ಬಂಡವಾಳ ಖರ್ಚಿನ ಕೊರತೆ ಏನು ಅಂತ ಬೆನ್ನಿಗೇ ಗೊತ್ತಾಗುತ್ತದೆ.

ಲೆಕ್ಕದ ರಾಯರು, ಮುಲುಂಡ್:
ವಾಶಿಯವರೇ, ಬೇಜಾರೇನಿಲ್ಲ. ಅಟಲ್ ಸೇತು ಒಳ್ಳೆಯ ಕೆಲಸ, ನಾನೂ ಹೋಗಿ ನೋಡಿ ಬಂದೆ. ನನ್ನ ಪ್ರಶ್ನೆ ಒಂದೇ. ಪ್ರಾಧಿಕಾರ ಸಾಲ ಮಾಡಿತು, ಟೋಲು, ಜಾಗ ಮಾರಿದ ಹಣ ಬರಲಿಲ್ಲ ಅಂದರೆ ತೀರಿಸುವವರು ಯಾರು? ಸಾಲಕ್ಕೆ ರಾಜ್ಯ ಸರ್ಕಾರ ಜಾಮೀನು ನಿಂತರೆ ಅದು ರಾಜ್ಯದ ಸಾಲದ ಲೆಕ್ಕದಲ್ಲಿ ಬರುವುದಿಲ್ಲ, ಪುಸ್ತಕದ ಹಿಂದೆ ಒಂದು ಪಟ್ಟಿಯಲ್ಲಿ ಇರುತ್ತದೆ. ಜಾಮೀನಿಗೆ ಶಾಸನಸಭೆ ಮಿತಿ ಹಾಕಬಹುದು ಅಂತ 293ನೇ ವಿಧಿಯಲ್ಲೇ ಇದೆ. ಆ ಪಟ್ಟಿ ಓದಿ ಪ್ರಶ್ನೆ ಕೇಳುವ ಶಾಸಕರು ಎಷ್ಟು ಜನ? ಮೆಟ್ರೋ 3ರ ಮೊದಲ ಅಂದಾಜು 23,136 ಕೋಟಿ, ಮುಗಿದಾಗ 37,276 ಕೋಟಿ. ಕಾರಣ ಇದೆ. ಆರೇ ಕಾಡಿನಲ್ಲಿ ಮೆಟ್ರೋ ಕಾರ್‌ಶೆಡ್ ಕಟ್ಟುವ ಜಗಳ, ನಡುವೆ ನಿಂತ ಕೆಲಸ, ಕೋವಿಡ್. ಆದರೆ ಜಾಸ್ತಿಯಾದ 14,000 ಕೋಟಿಯ ಬಗ್ಗೆ ಸದನದಲ್ಲಿ ಒಂದು ದಿನ ಪೂರ್ತಿ ಚರ್ಚೆ ಆಗಿದ್ದು ಯಾರಿಗಾದರೂ ನೆನಪಿದ್ದರೆ ಹೇಳಿ.

ವಾಶಿ ಐಟಿ:
ಚರ್ಚೆ ಆಗಿದ್ದರೆ ಇನ್ನೊಂದು ವರ್ಷ ತಡ, ಇನ್ನೊಂದು 2,000 ಕೋಟಿ ಜಾಸ್ತಿ. ನಾನು ಒಪ್ಪಲ್ಲ ರಾಯರೇ. ಆದರೆ ಜಾಮೀನಿನ ಪಟ್ಟಿ ವಿಷಯ ಗೊತ್ತಿರಲಿಲ್ಲ, ನೋಡುತ್ತೇನೆ.

ಮಾಟುಂಗದ ಹಳೇ ಗಿರಾಕಿ:
ಸದನದ ಮಾತು ಬಿಡಿ, ಮುಂಬಯಿ ಪಾಲಿಕೆಗೆ ಬನ್ನಿ. 2025-26ರ ಬಜೆಟ್ 74,427 ಕೋಟಿ. ಅದರಲ್ಲಿ 43,162 ಕೋಟಿ ಬಂಡವಾಳ ಖರ್ಚು. ಗೋವಾ ರಾಜ್ಯದ ಆ ವರ್ಷದ ಬಜೆಟ್ಟಿಗಿಂತ ಎರಡೂವರೆ ಪಟ್ಟಿಗೂ ಜಾಸ್ತಿ! ಗೋವಾದಲ್ಲಿ ಅದನ್ನು ಕೇಳಲು 40 ಶಾಸಕರು ಇದ್ದಾರೆ. ಇಲ್ಲಿ? 2022 ಮಾರ್ಚಿಗೆ ನಗರಸೇವಕರ (ಪಾಲಿಕೆ ಸದಸ್ಯರ) ಅವಧಿ ಮುಗಿಯಿತು, 2026 ಜನವರಿಯ ತನಕ ಚುನಾವಣೆಯೇ ಆಗಲಿಲ್ಲ. ಮೊದಲು ಆಯುಕ್ತರು ಸ್ಥಾಯಿ ಸಮಿತಿ ಮುಂದೆ ಬಜೆಟ್ ಇಡುತ್ತಿದ್ದರು, ಅಲ್ಲಿ ಕಿತ್ತಾಡಿ, ಆಮೇಲೆ 227 ಜನರ ಸಭೆಗೆ ಬರುತ್ತಿತ್ತು. ಆ ಸಮಿತಿಯಲ್ಲಿ ಏನೇನು ನಡೆಯುತ್ತಿತ್ತು ಅಂತ ನನಗೂ ಗೊತ್ತು, ಹೊಗಳಲ್ಲ. ಆದರೂ ನಮ್ಮ ಗಲ್ಲಿಯ ಗಟಾರದ ಬಗ್ಗೆ ಒಬ್ಬನಾದರೂ ಕೂಗುತ್ತಿದ್ದ. ಆ ಅಷ್ಟೂ ಬಜೆಟ್‌ಗಳಲ್ಲಿ ಆಯುಕ್ತರೇ ಆಡಳಿತಗಾರ, ಬರೆಯುವವರೂ ಅವರ ಕಡೆಯವರೇ, ಒಪ್ಪುವವರೂ ಅವರೇ.

ಠಾಣೆ ಟೀಚರ್:
ಇದನ್ನು ಮಕ್ಕಳಿಗೆ ಹೇಗೆ ಕಲಿಸುವುದು ಹೇಳಿ!

ಪುಣೆ ಕಾತ್ರಜ್, ಊರು ಗಡಹಿಂಗ್ಲಜ್ ಕಡೆ:
ತಡವಾಗಿ ಬಂದೆ. ಶಕ್ತಿಪೀಠ ಹೆದ್ದಾರಿ ಬಗ್ಗೆ ಯಾರೂ ಹೇಳಲಿಲ್ಲ. ವರ್ಧಾದ ಪವನಾರ್‌ನಿಂದ ಗೋವಾ ಗಡಿಯ ಪತ್ರಾದೇವಿ ತನಕ, 2025ರ ಯೋಜನೆಯಂತೆ 802 ಕಿಮೀ, ಅಂದಾಜು 86,300 ಕೋಟಿ. 2025 ಜೂನಿನಲ್ಲಿ ಮಂತ್ರಿಮಂಡಲ ಭೂಸ್ವಾಧೀನಕ್ಕೆ, ತಯಾರಿಗೆ ಅಂತ 20,787 ಕೋಟಿಗೆ ಒಪ್ಪಿತು. ನಮ್ಮ ಕೊಲ್ಹಾಪುರ ಕಡೆ ರೈತರು ಕಬ್ಬಿನ ಜಮೀನು ಕೊಡಲ್ಲ ಅಂತ ಕೂತಿದ್ದಾರೆ. ಒಂದು ಕಡೆ ಮಾಡಿದ ಕೆಲಸದ ಬಾಕಿಗೆ ಕಂತ್ರಾಟುದಾರ ಅಣ್ಣ ಮೆಟ್ಟಿಲ ಮೇಲೆ ಕೂತಿದ್ದಾರೆ, ಇನ್ನೊಂದು ಕಡೆ ಯಾರೂ ಕೇಳದ ಹೆದ್ದಾರಿಗೆ ಸಾಲ. ನನಗೆ ರಸ್ತೆ ಬೇಡ ಅಂತಲ್ಲ. ಇದ್ದ ರಸ್ತೆ ಮೊದಲು ಮುಗಿಸಲಿ ಅಂತ. ಮುಂಬಯಿ-ಗೋವಾ ಹೆದ್ದಾರಿಯಲ್ಲಿ ಗಣಪತಿ ಹಬ್ಬಕ್ಕೆ ಊರಿಗೆ ಹೋದವರು ಹೇಳಲಿ.

ಡೊಂಬಿವಲಿ ಫಾಸ್ಟ್:
ಅದರ ಮಾತು ಎತ್ತಬೇಡಿ. ಕುಂದಾಪುರಕ್ಕೆ ಹೋಗುವ ಬಸ್ಸು ಪನವೇಲ್ ದಾಟಿದ ಮೇಲೆ ಸೊಂಟ ಕೈಯಲ್ಲಿ ಹಿಡಿದುಕೊಂಡು ಕೂರಬೇಕು. ಅದು ರಾಷ್ಟ್ರೀಯ ಹೆದ್ದಾರಿ 66, ಹಣ ದಿಲ್ಲಿಯದು, ರಾಜ್ಯದ ಬಜೆಟ್‌ನಲ್ಲಿ ಹುಡುಕಿದರೆ ಸಿಗಲ್ಲ. ಕೊಂಕಣ ರೈಲ್ವೆಯೂ ಹಾಗೆ, ಅದು ವಲಯ ಅಲ್ಲ, ಕಂಪನಿ. 1990ರಲ್ಲಿ ಮಾಡಿದ್ದು. ಆಗ ನೂರರಲ್ಲಿ ಕೇಂದ್ರದ್ದು 51, ಮಹಾರಾಷ್ಟ್ರ 22, ಕರ್ನಾಟಕ 15, ಗೋವಾ, ಕೇರಳ ಆರಾರು ಪಾಲು. ಬಾಂಡ್ ಮಾರಿ ಹಣ ಎತ್ತಿ ಕಟ್ಟಿದರು, 1998ಕ್ಕೆ ಪೂರ್ತಿ ಓಡಿತು. ಆಗ ಅದೇ ಜಾಣತನ ಅನಿಸಿತ್ತು, ವಾಶಿ ತಮ್ಮ ಹೇಳಿದ ಹಾಗೆ. ಆಮೇಲೆ ಬೇರೆ ವಲಯಗಳಿಗೆ ಸಿಗುವ ಹಾಗೆ ಇದಕ್ಕೆ ಕೇಂದ್ರ ಬಜೆಟ್ಟಿನಿಂದ ಸಿಗಲಿಲ್ಲ. ರೋಹಾ-ವೀರ್ 47 ಕಿಮೀ ಬಿಟ್ಟರೆ ಮಾರ್ಗ ಬಹುಪಾಲು ಒಂಟಿ ಹಳಿಯೇ. ಮತ್ಸ್ಯಗಂಧ ರೈಲು ಕ್ರಾಸಿಂಗಿಗೆ ನಿಂತಾಗೆಲ್ಲ ನನಗೆ ಆ ಬಾಂಡುಗಳೇ ನೆನಪಾಗುತ್ತವೆ. ಈಗ ಭಾರತೀಯ ರೈಲ್ವೆಗೆ ಸೇರಿಸಲು 2025ರಲ್ಲಿ ಮಹಾರಾಷ್ಟ್ರವೂ ಒಪ್ಪಿತು, ಹಾಕಿದ ಬಂಡವಾಳ ವಾಪಸು ಕೊಡಿ ಅನ್ನುವ ಷರತ್ತಿನ ಮೇಲೆ.

ಬದಲಾಪುರ ಸ್ಲೋ ಲೋಕಲ್:
ನನ್ನ ಸಣ್ಣ ಸೇತುವೆಯಿಂದ ಎಲ್ಲಿಗೆಲ್ಲ ಹೋದಿರಿ! ಒಂದು ಕೊನೆಯ ಪ್ರಶ್ನೆ. ಈಗ ನಾನು ಏನು ಮಾಡಲಿ? ಸೊಸೈಟಿಯವರು ಶಾಸಕರ ಆಫೀಸಿಗೆ ನಿವೇದನ ಕೊಡೋಣ ಅನ್ನುತ್ತಿದ್ದಾರೆ.

ಲೆಕ್ಕದ ರಾಯರು, ಮುಲುಂಡ್:
ನಿವೇದನ ಕೊಡಿ. ಆದರೆ "ಸೇತುವೆ ಯಾವಾಗ" ಅಂತ ಬರೆಯಬೇಡಿ, "ಲವಕರಚ್" (ಬೇಗನೇ) ಅಂತ ಉತ್ತರ ಬರುತ್ತದೆ. ಬೇಡಿಕೆಯ ಅಕ್ಷರ, ಶೀರ್ಷಿಕೆ, ವ್ಹೈಟ್ ಬುಕ್‌ನ ಪುಟ, ಕೆಲಸದ ಕ್ರಮಸಂಖ್ಯೆ ಬರೆಯಿರಿ. ತರತೂದ್ ಟೋಕನ್ ಇದೆ, ಮುಂದಿನ ಪುರವಣಿಯಲ್ಲಿ ಈ ಕೆಲಸಕ್ಕೆ ಎಷ್ಟು ಕೇಳಿದ್ದೀರಿ ಅಂತ ಒಂದೇ ಪ್ರಶ್ನೆ. ಅದೇ ಪ್ರಶ್ನೆಯನ್ನು ಮಾಹಿತಿ ಹಕ್ಕಿನಲ್ಲಿ ಇಲಾಖೆಗೂ ಹಾಕಿ, 30 ದಿನದಲ್ಲಿ ಉತ್ತರ ಕೊಡಬೇಕು. ಅಧಿವೇಶನಕ್ಕೆ ಎರಡು ತಿಂಗಳ ಮೊದಲೇ ಕೊಡಿ. ಇಲಾಖೆಗಳಿಂದ ಪುರವಣಿ ಪ್ರಸ್ತಾವ ಹಣಕಾಸಿಗೆ ಹೋಗುವ ಹೊತ್ತು ಅದೇ. ಸದನ ಶುರುವಾದ ಮೇಲೆ ಕೊಟ್ಟರೆ ಪುಸ್ತಕ ಅಚ್ಚಾಗಿರುತ್ತದೆ.

ಕಲಂಬೋಲಿ ಕಂತ್ರಾಟುದಾರ:
ತರತೂದ್ ಬಂದರೂ ಬೀಮ್ಸ್‌ನಲ್ಲಿ ಎಷ್ಟು ಬಿಟ್ಟರು ಅಂತಲೂ ಕೇಳಲು ಮರೆಯಬೇಡಿ. ಟೆಂಡರ್ ಬಂದರೆ ನನಗೂ ತಿಳಿಸಿ. ರೇಟು ಹಾಕುತ್ತೇನೋ ಇಲ್ಲವೋ, ಹೋದ ವರ್ಷದ ಬಿಲ್ ಬಂದ ಮೇಲೆ ನೋಡುತ್ತೇನೆ.